ಹಸಿ ಬಣ್ಣದ ಬಾಗಿಲು

ಗಾಜಿನ ಚೂರು ಕುತ್ತಿಗೆಗೆ ತಾಗಿಕೊಂಡಿತ್ತು.

ತಣ್ಣಗಿತ್ತು. ಇನ್ನೊಂದು ಕೂದಲೆಳೆ ಒತ್ತಿದ್ದರೆ ಬೆಚ್ಚಗಾಗುತ್ತಿತ್ತು... ನನ್ನದೇ ರಕ್ತದಿಂದ.

"ಡಬ್ಬಿ ತೆಗಿ," ಎಂದ ಗಾಜಿನ ಸಾಹುಕಾರ. "ನೋಡಿ ಹೇಳು. ಯಾವ ಬಣ್ಣ?"

ನಾನು ಅವನ ಗೋದಾಮಿನ ನಡುವೆ ಮೊಣಕಾಲೂರಿ ಕೂತಿದ್ದೆ. ಸುತ್ತ ಆಳೆತ್ತರದ ಗಾಜಿನ ಹಾಳೆಗಳನ್ನು ಹುಲ್ಲಿನ ಮೇಲೆ ಸಾಲಾಗಿ ನಿಲ್ಲಿಸಿದ್ದರು. ಒಂದೊಂದು ಹಾಳೆಯಲ್ಲೂ ನಾನೇ. ಹೊಟ್ಟೆ ಮುಂದೆ ಬಿಟ್ಟುಕೊಂಡು, ಬಾಯಿ ತೆರೆದುಕೊಂಡು ಕೂತ ನಾನು. ಸಾಯುವ ಹೊತ್ತಿನಲ್ಲಿ ಮನುಷ್ಯನಿಗೆ ಅವನ ಮುಖವನ್ನು ಅಷ್ಟು ಸಲ ತೋರಿಸಬಾರದು ಸಾರ್. ಬದುಕಬೇಕು ಅನ್ನುವ ಆಸೆಯೇ ಹೊರಟುಹೋಗುತ್ತದೆ.

ಅಲ್ಲಿ ಸಾಹುಕಾರನ ಆಳುಗಳು ಇಬ್ಬರಿದ್ದರು. ನನ್ನ ಬಲಗೈ ತಿರುಚಿ ಹಿಡಿದವನು ಗೂಳಿ. ಬಾಗಿಲಿಗೆ ಒರಗಿ ಹಲ್ಲು ಕೆದಕುತ್ತಿದ್ದವನು ಕಡ್ಡಿ. ಹೆಸರೇ ಹೇಳುತ್ತದೆ, ಅವರ ರೂಪ ನಾನು ಬಣ್ಣಿಸಬೇಕಿಲ್ಲ.

ಇಲ್ಲಿ ಸ್ವಲ್ಪ ನಿಲ್ಲಿಸುತ್ತೇನೆ. ಚೂರು ಕುತ್ತಿಗೆ ಮೇಲೇ ಇರಲಿ, ಅದೇನೂ ಓಡಿಹೋಗುವುದಿಲ್ಲ. ಓಡುವ ಕೆಲಸ ನನ್ನದು.

ನಮ್ಮೂರಿನ ಬೀಗಗಳೆಲ್ಲ ಬಣ್ಣದವು. ಒಂದೇ ಹಂಡೆಯಲ್ಲಿ ಕುದಿಸಿದ ಬಣ್ಣವನ್ನು ಎರಡು ಪಾಲು ಮಾಡುತ್ತಾರೆ. ಒಂದು ಪಾಲನ್ನು ಬಾಗಿಲಿಗೆ ಬಳಿದು ಮೇಲೆ ಕಪ್ಪು ಪರದೆ ಎಳೆಯುತ್ತಾರೆ. ಇನ್ನೊಂದು ಪಾಲನ್ನು ಡಬ್ಬಿಯಲ್ಲಿ ಮುಚ್ಚಿಡುತ್ತಾರೆ. ಯಾರದಾದರೂ ಕಣ್ಣು ಬೀಳುವ ತನಕ ಅದು ಕೆಂಪೂ ಅಲ್ಲ, ಹಸಿರೂ ಅಲ್ಲ. ಎರಡೂ ಹೌದು. ಅದಕ್ಕೇ ಹಸಿ ಬಣ್ಣ ಅನ್ನುತ್ತಾರೆ. ಓದಿದವರು ಕ್ವಾಂಟಂ ಬಣ್ಣ ಅನ್ನುತ್ತಾರೆ. ಹಾಗಂದಾಗ ನಾಲ್ಕು ಜನ ತಲೆದೂಗುತ್ತಾರೆ ಅನ್ನುವುದು ಬಿಟ್ಟರೆ ನನಗೇನೂ ವ್ಯತ್ಯಾಸ ಕಂಡಿಲ್ಲ.

ಡಬ್ಬಿಯನ್ನು ತೆರೆದು ನೋಡಿದಿರಿ ಅನ್ನಿ. ಡಬ್ಬಿಯದು ಕೆಂಪಾದರೆ ಬಾಗಿಲಿನದು ಆ ಕ್ಷಣವೇ ಹಸಿರಾಗುತ್ತದೆ, ಎಷ್ಟೇ ದೂರವಿರಲಿ. ಹಸಿರು ಬಾಗಿಲು ತಾನಾಗಿ ತೆರೆದುಕೊಳ್ಳುತ್ತದೆ. ಡಬ್ಬಿಯದು ಹಸಿರಾಯಿತೋ, ಬಾಗಿಲು ಕೆಂಪು. ಕೆಂಪು ಬಾಗಿಲು ಗೋಡೆಗೆ ಬೆಸೆದುಕೊಂಡು ಗೋಡೆಯೇ ಆಗಿಬಿಡುತ್ತದೆ. ಆಮೇಲೆ ಅದಕ್ಕೆ ತಲೆ ಚಚ್ಚಿಕೊಳ್ಳಬಹುದು, ಅಷ್ಟೆ. ಡಬ್ಬಿಯ ಗೊಡವೆ ಬೇಡ ಅಂತ ಪರದೆ ಸರಿಸಿ ನೇರವಾಗಿ ಬಾಗಿಲನ್ನೇ ನೋಡಿದರೂ ಕಾನೂನು ಅದೇ. ಹಸಿರು ಕಂಡರೆ ದಾರಿ, ಕೆಂಪು ಕಂಡರೆ ಗೋಡೆ.

ಹಾಗಾದರೆ ಬಣ್ಣದ ಮನೆಯವರು ಪ್ರತಿ ಸಲವೂ ಸರಿಯಾಗಿ ಹೇಗೆ ತೆರೆಯುತ್ತಾರೆ?

ಅದು ಕಸುಬಿನ ಗುಟ್ಟಾಗಿತ್ತು. ಈಗ ಊರಿಗೆಲ್ಲ ಗೊತ್ತು, ಹೇಳಿದರೆ ತಪ್ಪಿಲ್ಲ. ಅವರು ಮೊದಲು ಕಣ್ಣು ದಣಿಸಿಕೊಳ್ಳುತ್ತಾರೆ. ಒಂದು ಹಸಿರು ಬಟ್ಟೆಯನ್ನು ರೆಪ್ಪೆ ಬಡಿಯದೆ ದಿಟ್ಟಿಸುತ್ತಾರೆ. ಮದುವೆ ಮನೆಯಲ್ಲಿ ಸಿಹಿ ತಿಂದು ತಿಂದು ನಾಲಿಗೆಗೆ ಖಾರ ಬೇಕೆನಿಸುವ ಹಾಗೆ, ಕಣ್ಣಿಗೆ ಹಸಿರು ಸಾಕಾಗಿ ಕೆಂಪು ಬೇಕೆನಿಸುತ್ತದೆ. ಆಗ ಡಬ್ಬಿ ತೆರೆದರೆ ಕೆಂಪೇ ಕಾಣುತ್ತದೆ. ಕಂಡದ್ದೇ ಆಗುತ್ತದೆ.

ನನಗೆ ಈ ತಂಟೆಯೇ ಇಲ್ಲ. ಹುಟ್ಟಿದಾಗಿನಿಂದ ನನಗೆ ಕೆಂಪೂ ಹಸಿರೂ ಒಂದೇ. ಎರಡೂ ಮಳೆ ಬಿದ್ದ ಮಣ್ಣು. ನಾನು ಎಷ್ಟು ದಿಟ್ಟಿಸಿದರೂ ಹಸಿ ಬಣ್ಣ ಹಸಿಯಾಗಿಯೇ ಉಳಿಯುತ್ತದೆ. ನನ್ನ ಕಣ್ಣಿಗೆ ಅದು ಕಿಮ್ಮತ್ತೇ ಕೊಡುವುದಿಲ್ಲ. ನನ್ನ ಹೆಂಡತಿಯೂ ಕೊಡುತ್ತಿರಲಿಲ್ಲ; ಆದರೆ ಅವಳು ಬಿಟ್ಟುಹೋದಳು, ಬಣ್ಣ ಹೋಗಲಿಲ್ಲ.

ಇದನ್ನು ಕಂಡುಹಿಡಿದವನು ನನ್ನ ಭಾವ. ಅಕ್ಕನ ಗಂಡ, ಬಣ್ಣದ ಮನೆಯ ಹಂಡೆ ಮೇಸ್ತ್ರಿ. ನಾನು ಸೇರಿದ ಕಡೆಯಲ್ಲೆಲ್ಲ ಜಗಳ ಕಾದು, ಕೆಲಸ ಬಿಟ್ಟು, ಅಕ್ಕನ ಮನೆಯ ಜಗುಲಿಯಲ್ಲಿ ಕೂತು ಅನ್ನಕ್ಕೆ ದಂಡವಾಗಿದ್ದಾಗ, "ನಿನ್ನ ಕೆಟ್ಟ ಕಣ್ಣೇ ಕಣಯ್ಯ ನಮಗೆ ಬೇಕಾಗಿರೋದು" ಎಂದು ಡಬ್ಬಿ ಸಾಗಿಸುವ ಕೆಲಸ ಕೊಟ್ಟ. ಮುಚ್ಚಳ ಸಡಿಲಾಗಿದೆಯೋ, ಬಣ್ಣ ಒಣಗಿದೆಯೋ ಎಂದು ದಾರಿಯಲ್ಲಿ ಇಣುಕಿ ನೋಡಬಲ್ಲವನು ಊರಿಗೆಲ್ಲ ನಾನೊಬ್ಬನೇ. ನನ್ನ ಐಬನ್ನು ಐಬು ಅನ್ನದೆ ಇದ್ದವನೂ ಅವನೊಬ್ಬನೇ.

ಹೊರಗಿನವರಿಗೆ ಈ ವಿಷಯ ಗೊತ್ತಿರಲಿಲ್ಲ. ಹಸಿ ಬಣ್ಣದ ಡಬ್ಬಿ ಹಿಡಿದು ರಾಜಾರೋಷವಾಗಿ ತಿರುಗುತ್ತಾನೆ ಎಂದು ನನಗೆ ಹದ್ದು ಎಂದು ಹೆಸರಿಟ್ಟರು. ಹದ್ದಿನ ಕಣ್ಣಂತೆ! ನಾನೂ ತಿದ್ದಲಿಲ್ಲ. ಯಾರಾದರೂ ಬಣ್ಣ ಕೇಳಿದರೆ ಎದೆಯುಬ್ಬಿಸಿ "ಕೆಂಪು" ಎಂದುಬಿಡುತ್ತಿದ್ದೆ. ಅರ್ಧ ಸಲ ಸರಿಯಾಗುತ್ತಿತ್ತು. ಉಳಿದರ್ಧ ಸಲ ಕೇಳಿದವನ ಜೊತೆ ಜಗಳವಾಡುತ್ತಿದ್ದೆ.

ಮನೆಯಲ್ಲಿ ಮಾತ್ರ ನನ್ನ ಹೆಸರು ಬೂದಿ.

ಆವತ್ತು ಬೆಳಿಗ್ಗೆ ಅಕ್ಕ ನನ್ನ ಕೋಣೆಯ ಬಾಗಿಲು ಬಡಿದಾಗ ನಾನಿನ್ನೂ ಎದ್ದಿರಲಿಲ್ಲ. ಮೊಣಕೈವರೆಗೆ ಬಣ್ಣ ಮೆತ್ತಿದ ಕೈಯಲ್ಲೇ ಬಂದಿದ್ದಳು. ಮುಖ ಬಿಳಿಚಿತ್ತು. ಸಾಹುಕಾರನ ಆಳುಗಳು ಬಣ್ಣದ ಮನೆಗೆ ನುಗ್ಗಿದರು, ಇಬ್ಬರು ಅಲ್ಲೇ ಕಾವಲು ಕೂತಿದ್ದಾರೆ, ತಾನು ಹಿತ್ತಿಲಿಂದ ತಪ್ಪಿಸಿಕೊಂಡೆ ಎಂದಳು. ಭಾವ ಒಳಕೋಣೆಗೆ ಹೊಕ್ಕು ಬಾಗಿಲು ಎಳೆದುಕೊಂಡಿದ್ದ. ಹೊಸದಾಗಿ ಹಸಿ ಬಣ್ಣ ಬಳಿದ ಬಾಗಿಲು. ಒಳಗೆ ಕಿಟಕಿಯಿಲ್ಲ, ದೀಪವಿಲ್ಲ. ಇರುವ ಗಾಳಿ ಚಿಕ್ಕ ಸೂರ್ಯ ಮುಳುಗುವ ತನಕ ಸಾಕಾದರೆ ಪುಣ್ಯ. ನಮ್ಮಲ್ಲಿ ದೊಡ್ಡ ಸೂರ್ಯ ಮುಳುಗಿದ ಮೇಲೆ ಚಿಕ್ಕದು ಮುಳುಗುತ್ತದೆ; ಅದೊಂದೇ ನಮಗಿದ್ದ ಹೆಚ್ಚಿನ ಹೊತ್ತು.

ಸಾಹುಕಾರನಿಗೆ ಬೇಕಾಗಿದ್ದು ಭಾವನಲ್ಲ. ಆ ಕೋಣೆಯಲ್ಲಿರುವ ತಾಯಿಬಣ್ಣದ ಹಂಡೆ. ಹೆಪ್ಪಿಲ್ಲದೆ ಮೊಸರಾಗದ ಹಾಗೆ, ಅದರಿಂದ ಒಂದು ಸೌಟು ಹಾಕದೆ ಯಾವ ಹಸಿ ಬಣ್ಣವೂ ಆಗುವುದಿಲ್ಲ. ಅದು ಯಾರ ಕೈಲಿದೆಯೋ ಊರಿನ ಬೀಗವೆಲ್ಲ ಅವನ ಕೈಲಿ. ಹಂಡೆಯ ಮುಂದೆ ಕೆಲಸ ಮಾಡುವವರು ಕಣ್ಣಿಗೆ ಪಟ್ಟಿ ಕಟ್ಟಿಕೊಂಡೇ ಮಾಡುತ್ತಾರೆ. ಬರಿಗಣ್ಣಲ್ಲಿ ನೋಡಿದರೆ ತಾಯಿಬಣ್ಣ ನೋಡಿದವನ ಕಣ್ಣಿಂದಲೇ ಬಣ್ಣವನ್ನೆಲ್ಲ ಕುಡಿದುಬಿಡುತ್ತದಂತೆ. ಅಂತೆ ಯಾಕೆಂದರೆ, ನಮ್ಮ ಕಾಲದಲ್ಲಿ ಯಾರೂ ನೋಡಿರಲಿಲ್ಲ.

ಅಕ್ಕ ಕಪ್ಪು ಬಟ್ಟೆಯಲ್ಲಿ ಸುತ್ತಿದ ಡಬ್ಬಿಯನ್ನು ನನ್ನ ಕೈಗಿಟ್ಟಳು. ಬಾಗಿಲಿನ ಜೋಡಿ ಇದೇ ಎಂದಳು. ಇದನ್ನು ಕಸುಬಿನ ಹಿರಿಯರಿಗೆ ಮುಟ್ಟಿಸು, ಅವರು ಆಳು ಕೂಡಿಸಿಕೊಂಡು ಬಂದು ಹೊತ್ತು ನೋಡಿ ತೆರೆಯುತ್ತಾರೆ ಎಂದಳು. ಒಂದು ಹೊಸ ಶರ್ಟನ್ನೂ ಕೊಟ್ಟಳು.

"ಈಗ ಶರ್ಟು ಯಾಕಕ್ಕ?"

"ನಿನ್ನ ಹಳೇದು ನಾರುತ್ತೆ. ನಾಲ್ಕು ಮನೆ ಆಚೆಯಿಂದಲೇ ನೀನು ಬಂದೆ ಅಂತ ಗೊತ್ತಾಗುತ್ತೆ. ಇದು ಮಣ್ಣಿನ ಬಣ್ಣ. ಗುಂಪಲ್ಲಿ ಯಾರೂ ತಿರುಗಿ ನೋಡಲ್ಲ."

ಹಾಕಿಕೊಂಡೆ. ಕನ್ನಡಿಯಲ್ಲಿ ನೋಡಿಕೊಂಡೆ. ಹೌದು, ಮಣ್ಣು.

ಗಾಜಿನ ಬೀದಿಯಲ್ಲೇ ಹೋಗು ಎಂದಳು. ಅದು ಸಾಹುಕಾರನ ಅಂಗಡಿಯ ಎದುರಲ್ಲವೇ ಎಂದೆ. ಕಣ್ಣೆದುರೇ ಹೋಗುವವನ ಮೇಲೆ ಯಾರಿಗೂ ಅನುಮಾನ ಬರುವುದಿಲ್ಲ ಎಂದಳು. ಎಂಥ ತಲೆ ಅಕ್ಕನದು ಎಂದುಕೊಂಡೆ.

ಅಂಗಡಿಯ ಎದುರಿಗೆ ಬಂದು ನಾಲ್ಕು ಹೆಜ್ಜೆ ಇಟ್ಟಿರಲಿಲ್ಲ, ಗೂಳಿ ನನ್ನ ಕಾಲರ್ ಹಿಡಿದಿದ್ದ.

ಈಗ ಚೂರಿನ ಹತ್ತಿರ ವಾಪಸ್ ಬರೋಣ.

"ನಿಮ್ಮ ಮನೆತನದವರ ಕಣ್ಣಿಗೆ ಬೇಕಾದ ಬಣ್ಣ ಬರುತ್ತಂತಲ್ಲ," ಎಂದ ಸಾಹುಕಾರ. "ಹೇಗೆ ಅಂತ ನಾನು ಕೇಳಲ್ಲ. ತರಿಸು, ಸಾಕು. ನೋಡು ಹದ್ದು."

ಅವನದು ಸಣ್ಣ ದೇಹ, ಸಣ್ಣ ದನಿ. ಬೆರಳುಗಳ ತುಂಬ ಹಳೇ ಗಾಜಿನ ಗಾಯ. ಕೈ ಮಾತ್ರ ಒಂದಿಷ್ಟೂ ನಡುಗುತ್ತಿರಲಿಲ್ಲ.

ಡಬ್ಬಿ ತೆರೆದೆ. ನೋಡಿದೆ.

ಮಣ್ಣು. ಮಳೆ ಬಿದ್ದ ಮಣ್ಣು.

ನಾನು ನೋಡಿದ್ದರಿಂದ ಏನೂ ಕೆಡುವುದಿಲ್ಲ, ನಿಜ. ಸುಮ್ಮನೆ ಮುಚ್ಚಳ ಹಾಕಿ, ಕತೆ ಕಟ್ಟಿ, ಹೊತ್ತು ಕಳೆಯಬಹುದಿತ್ತು. ಆದರೆ ಹುಟ್ಟಿನಿಂದ ಬಂದ ಚಾಳಿ ಕುತ್ತಿಗೆಗೆ ಚೂರಿಟ್ಟರೆ ಬಿಡುತ್ತದೆಯೇ? ಎದೆ ತಾನಾಗಿ ಉಬ್ಬಿತು. ಬಾಯಿ ತಾನಾಗಿ ತೆರೆಯಿತು.

"ಕೆಂಪು."

ಸಾಹುಕಾರ ಬಗ್ಗಿ ತಾನೂ ಡಬ್ಬಿಯೊಳಗೆ ನೋಡಿದ.

ನನ್ನದು ಕೆಟ್ಟ ಕಣ್ಣು, ಅವನದು ಒಳ್ಳೆಯದು. ಈಗ ಬಣ್ಣ ನಿಂತೇ ನಿಲ್ಲುತ್ತದೆ. ಹಸಿರಾಗಿ ನಿಂತರೆ ಭಾವ ಗೋಡೆಯೊಳಗೆ...

"ಕೆಂಪೇ," ಎಂದ ಅವನು. ಮೆಲ್ಲಗೆ, ಮಗುವಿನ ಮುಖ ನೋಡಿದವನ ಹಾಗೆ.

ಒಂದು ಉಸಿರಿನಷ್ಟು ಹೊತ್ತು ನನಗೂ ಸಮಾಧಾನವಾಯಿತು. ಗೋಡೆಯಾಗಲಿಲ್ಲ. ಮರು ಉಸಿರಿಗೆ ಹೊಳೆಯಿತು: ಹಾಗಾದರೆ ಬಾಗಿಲು ತೆರೆದಿದೆ. ಬಾಗಿಲ ಮುಂದೆ ಇವನ ಇನ್ನಿಬ್ಬರು ಆಳುಗಳು ಕೂತಿದ್ದಾರೆ. ಒಳಗೆ ಭಾವ ಒಬ್ಬನೇ, ಕೈಯಲ್ಲಿ ಸೌಟು ಬಿಟ್ಟರೆ ಬೇರೇನೂ ಇಲ್ಲ.

ಸಾಹುಕಾರ ಗಾಡಿ ಹೊರಡಿಸಲು ಹೇಳಿದ. ತಾನೇ ಹೋಗಬೇಕು, ತಾಯಿಬಣ್ಣ ಕೈಗೆ ಸಿಕ್ಕಿದ ಕೂಲಿಯವನು ಆಮೇಲೆ ಕೂಲಿಯವನಾಗಿ ಉಳಿಯುವುದಿಲ್ಲ ಎಂದ. ಬುದ್ಧಿವಂತ. ಆಮೇಲೆ ಗೂಳಿಯ ಕಡೆ ತಿರುಗಿದ.

"ಇವನನ್ನ ಇಲ್ಲಿ ಮುಗಿಸು. ಇವನ ಭಾವನ್ನ ನಾನು ಅಲ್ಲಿ ನೋಡ್ಕೋತೀನಿ. ಎಂಥ ಪೆದ್ದಿ ಇವನಕ್ಕ... ಇಂಥವನ ಕೈಲಾ ಡಬ್ಬಿ ಕೊಡೋದು?"

ನನ್ನನ್ನು ಪೆದ್ದ ಎಂದಿದ್ದರೆ ಒಪ್ಪಿಕೊಂಡು ಸಾಯುತ್ತಿದ್ದೆ. ಅದರಲ್ಲಿ ವಾದ ಮಾಡುವುದಕ್ಕೇನಿದೆ? ಆದರೆ ಅಕ್ಕನನ್ನು ಅಂದ.

ಕಾಲು ಬೀಸಿ ಪಕ್ಕದ ಗಾಜಿನ ಹಾಳೆಗೆ ಒದ್ದೆ.

ಅದು ಪಕ್ಕದ್ದರ ಮೇಲೆ ಬಿತ್ತು. ಅದು ಅದರ ಪಕ್ಕದ್ದರ ಮೇಲೆ. ಒಂದು ಸಾಲು ನಾನು, ಒಬ್ಬರ ಮೇಲೊಬ್ಬರು ಬಿದ್ದು ಚೂರಾದೆವು. ಗೂಳಿ ಮುಖ ಮುಚ್ಚಿಕೊಳ್ಳಲು ಕೈ ಬಿಟ್ಟ. ನಾನು ಓಡಿದೆ. ಬಾಗಿಲಲ್ಲಿದ್ದ ಕಡ್ಡಿ ಅಡ್ಡ ಬಂದ. ಅವನಿಗೆ ನಾನೇನೂ ಮಾಡಲಿಲ್ಲ, ನನ್ನ ಹೊಟ್ಟೆಯೇ ಮಾಡಿತು.

ಹೊರಗೆ ಸಂತೆಯ ಹೊತ್ತು. ಕೂಲಿಗಳು, ತಲೆಹೊರೆಯವರು, ತರಕಾರಿ ಬುಟ್ಟಿಗಳು. ಮಣ್ಣಿನ ಬಣ್ಣದ ಶರ್ಟು ಇದೆಯಲ್ಲ ಎಂಬ ಧೈರ್ಯದಲ್ಲಿ ನಾನು ಮೂಟೆ ಹೊರುವವರ ಗುಂಪಿನ ನಡುವೆ ತೂರಿ ಕುಕ್ಕರುಗಾಲಲ್ಲಿ ಕೂತೆ. ಅಕ್ಕಪಕ್ಕದವರು ಕಿಸಕ್ಕನೆ ನಕ್ಕು ಸರಿದು ಕೂತರು.

ಕಡ್ಡಿ ಅಂಗಡಿ ಮೆಟ್ಟಿಲ ಮೇಲೆ ನಿಂತು ಒಂದೇ ಸಲ ಕಣ್ಣು ಹಾಯಿಸಿದ. ನೇರ ನನ್ನ ಕಡೆ ಬೆರಳು ತೋರಿಸಿದ.

ಎದ್ದು ಓಡಿದೆ. ಬಟ್ಟೆ ಒಣಗಿಸುವ ಓಣಿಗೆ ನುಗ್ಗಿ ಹಾಸಿಗೆ ಬಟ್ಟೆಗಳ ಹಿಂದೆ ನಿಂತೆ. ಅಲ್ಲಿಗೂ ಬಂದರು. ಬಟಾಟೆ ಮಾರುವ ಮುದುಕಿಯ ಕೊಡೆಯ ಕೆಳಗೆ ಕೂತೆ. ಅವಳು ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

"ಎಲ್ಲಿ ಕೂತರೂ ನೀನು ಕಾಣ್ತೀಯಲ್ಲಪ್ಪ," ಎಂದಳು.

ಹೊಟ್ಟೆಯ ವಿಷಯಕ್ಕೆ ಹೇಳಿದಳು ಎಂದುಕೊಂಡೆ. ಮೈ ಉರಿಯಿತು. ಆ ಸಿಟ್ಟಿನಲ್ಲೇ ಇನ್ನೊಂದು ಬೀದಿ ಓಡಿದೆ.

ತಿರುಗಿ ನೋಡಿದರೆ ಸಾಹುಕಾರ ಗಾಜು ಸಾಗಿಸುವ ತಳ್ಳುಗಾಡಿಯಲ್ಲಿ, ಹುಲ್ಲಿನ ಹಾಸಿನ ಮೇಲೆ ಮದುಮಗನ ಹಾಗೆ ಕೂತಿದ್ದಾನೆ. ಹಿಂದಿನಿಂದ ಗೂಳಿ ತಳ್ಳುತ್ತಿದ್ದಾನೆ, ಮುಂದಿನಿಂದ ಕಡ್ಡಿ ಎಳೆಯುತ್ತಿದ್ದಾನೆ. ಸಾಹುಕಾರನ ಕಣ್ಣು ನನ್ನ ಬೆನ್ನಿನ ಮೇಲೆ ನೆಟ್ಟಿತ್ತು. ಅವನಿಗೂ ಬಣ್ಣದ ಮನೆಗೇ ಹೋಗಬೇಕು, ನನಗೂ ಅಲ್ಲಿಗೇ. ಒಂದೇ ಮದುವೆಗೆ ಹೊರಟ ಎರಡು ಕಡೆಯವರ ಹಾಗೆ ಹೊರಟೆವು.

ಕಾಲುವೆ ಬಂತು. ಮೇಲೆ ಸೇತುವೆ. ದೋಣಿ ಬಂದಾಗ ಸೇತುವೆ ನಡುವೆ ಸೀಳಿ ಎರಡು ಕಡೆಗೂ ಎದ್ದು ನಿಲ್ಲುತ್ತದೆ. ಕಂಬದ ಮೇಲೆ ದೀಪ. ಹಸಿರಿದ್ದರೆ ದಾಟು, ಕೆಂಪಿದ್ದರೆ ನಿಲ್ಲು.

ದೀಪ ಉರಿಯುತ್ತಿತ್ತು. ಯಾವ ಬಣ್ಣ ಅಂತ ನನ್ನನ್ನು ಕೇಳಬೇಡಿ.

ಎಲ್ಲರೂ ನಿಂತಿದ್ದರು. ಎಲ್ಲರೂ ನಿಂತಿದ್ದಾರೆ ಅಂದರೆ ಅದು ಕೆಂಪು ಎಂದು ಯಾವ ಪೆದ್ದನಿಗಾದರೂ ಹೊಳೆಯಬೇಕು. ನನಗೆ ಹೊಳೆದದ್ದು ಸೇತುವೆಯ ನಡುವೆ, ಕಾಲ ಕೆಳಗಿನ ಹಲಗೆ ಮೇಲೇಳುವಾಗ. ಎದುರಿನ ತುಂಡಿಗೂ ನನಗೂ ನಡುವೆ ನೀರು ಕಾಣಿಸಿತು. ಹಾರಿದೆ. ಹಾರಿದೆ ಅನ್ನುವುದು ದೊಡ್ಡ ಮಾತು. ಬಿದ್ದೆ, ಆದರೆ ಮುಂದಕ್ಕೆ ಬಿದ್ದೆ. ಎದೆ ಹಲಗೆಯ ಅಂಚಿಗೆ ಬಡಿಯಿತು. ಎರಡೂ ಕೈಯಲ್ಲಿ ಅಂಚು ಹಿಡಿದು ನೇತಾಡಿದೆ. ಕೆಳಗಿನಿಂದ ದೋಣಿಯವರು ಬೈದರು.

ಕಾಲುವೆಯ ಆಚೆ ತಳ್ಳುಗಾಡಿ ನಿಂತಿತು. ಸೇತುವೆ ಇಳಿಯುವ ತನಕ ಸಾಹುಕಾರ ಕದಲುವಂತಿರಲಿಲ್ಲ. ಕೂತಲ್ಲೇ ನನ್ನನ್ನು ನೋಡಿದ. ನಾನು ತೇಕುತ್ತ, ಜಾರುತ್ತ, ಕಾಲು ಒದರುತ್ತ ಮೇಲೇರುವುದನ್ನು ಪೂರ್ತಿಯಾಗಿ, ಸಾವಧಾನವಾಗಿ ನೋಡಿದ. ಜನ ಚಪ್ಪಾಳೆ ತಟ್ಟಿದರು. ಒಬ್ಬ ಸೀಟಿ ಹಾಕಿದ.

ಅಲ್ಲಿಂದ ಮುಂದೆ ಸುಣ್ಣದ ಬೀದಿ. ಎರಡೂ ಕಡೆ ಸುಣ್ಣದ ಗೂಡುಗಳು. ನೆಲ ಬಿಳಿ, ಗೋಡೆ ಬಿಳಿ, ಗಾಳಿಯೂ ಬಿಳಿ. ಎರಡೂ ಸೂರ್ಯ ನೆತ್ತಿಯ ಮೇಲಿದ್ದವು. ನೇರ ಬೀದಿ. ಅಡ್ಡ ಓಣಿ ಒಂದೂ ಇಲ್ಲ. ಅವಿತುಕೊಳ್ಳಲು ಒಂದು ಕಂಬವೂ ಇಲ್ಲ. ಸೇತುವೆ ಇಳಿದು ತಳ್ಳುಗಾಡಿಯ ಗಡಗಡ ಮತ್ತೆ ಬೆನ್ನು ಹತ್ತಿತು. ಬೀದಿಯ ಉದ್ದಕ್ಕೂ ಅವನ ಕಣ್ಣು ನನ್ನ ಬೆನ್ನಿಗೆ ಚುಚ್ಚುತ್ತಿರುವುದು ಗೊತ್ತಾಗುತ್ತಿತ್ತು. ಕಾಲು ಸೋತಿತ್ತು. ಭಾವನ ಮುಖ ನೆನೆದುಕೊಂಡು ಓಡಿದೆ. ಅವನು ಹಂಡೆ ಕಲಕುವಾಗ ಹಾಡು ಗುನುಗುತ್ತಾನೆ, ಕೆಟ್ಟದಾಗಿ. ಇನ್ನು ಮೇಲೆ ನಿಲ್ಲಿಸು ಅನ್ನುವುದಿಲ್ಲ ಎಂದು ಮನಸ್ಸಿನಲ್ಲೇ ಹರಕೆ ಹೊತ್ತೆ.

ಬಣ್ಣದ ಮನೆಯ ಅಂಗಳಕ್ಕೆ ಬಂದು ಬಿದ್ದೆ.

ಇಬ್ಬರು ಆಳುಗಳು ಒಳಕೋಣೆಯ ಪರದೆಗೆ ಬೆನ್ನು ಹಾಕಿ ಕೂತಿದ್ದರು. ಒಬ್ಬ ಆಕಳಿಸುತ್ತಿದ್ದ. ಇನ್ನೊಬ್ಬ ಉಗುರು ಕತ್ತರಿಸುತ್ತಿದ್ದ. ಬಾಗಿಲು ತೆರೆದ ಮನೆಯ ಲಕ್ಷಣ ಅಲ್ಲಿ ಇರಲಿಲ್ಲ.

ಅವರು ಏಳುವ ಮೊದಲೇ ದಾಟಿ ಹೋಗಿ ಪರದೆಗೆ ಬೆನ್ನು ಕೊಟ್ಟು ನಿಂತೆ. ಹಿಮ್ಮಡಿಯಿಂದ ಹಿಂದಕ್ಕೆ ಒದ್ದೆ. ಟಕ್.

ಹಲಗೆ. ಬಾಗಿಲು ಮುಚ್ಚಿಯೇ ಇತ್ತು.

ನನ್ನ ತಲೆ ನಿಧಾನ, ಆದರೆ ಆಗ ಓಡಿತು. ಡಬ್ಬಿ ಕೆಂಪಾದರೂ ಬಾಗಿಲು ತೆರೆದಿಲ್ಲ. ಅಂದರೆ ಆ ಡಬ್ಬಿ ಈ ಬಾಗಿಲಿನ ಜೋಡಿಯಲ್ಲ. ಅಂದರೆ ಬಾಗಿಲು ಇನ್ನೂ ಹಸಿ. ಸಾಹುಕಾರ ಬಂದು ಪರದೆ ಸರಿಸುತ್ತಾನೆ, ನೋಡುತ್ತಾನೆ. ಅರ್ಧಕ್ಕರ್ಧ ಸಂಭವ, ಭಾವ ಗೋಡೆ ಪಾಲು. ಅವನನ್ನು ಇಲ್ಲಿಗೆ ಕರೆತಂದವನು ಯಾರು? ಬೆನ್ನು ತೋರಿಸಿಕೊಂಡು, ಸುಣ್ಣದ ಬೀದಿಯುದ್ದಕ್ಕೂ, ಕೈ ಹಿಡಿದು ಕರೆತಂದ ಹಾಗೆ ತಂದವನು?

ತಳ್ಳುಗಾಡಿ ಅಂಗಳಕ್ಕೆ ಬಂತು. ಹಿಂದೆಯೇ ಸಂತೆಯ ಅರ್ಧ ಜನ.

ನಾನು ಎರಡೂ ಕೈ ಚಾಚಿ ಪರದೆಗೆ ಅಡ್ಡ ನಿಂತೆ.

"ನೋಡಬೇಡ," ಎಂದೆ. "ಬಾಗಿಲಿನ್ನೂ ಹಸಿ. ಆ ಡಬ್ಬಿ ಬೇರೆಯದು."

ಸಾಹುಕಾರ ಗಾಡಿಯಿಂದ ಇಳಿದು ನನ್ನ ಮುಂದೆ ನಿಂತ. ನನ್ನ ಎದೆಯ ಎತ್ತರಕ್ಕಿದ್ದ. ನನ್ನ ಎದೆಯನ್ನೇ ನೋಡುತ್ತ ನಕ್ಕ.

"ಕೆಂಪು ಅಂದವನು ನೀನು. ನನ್ನ ಕಣ್ಣಾರೆ ನೋಡಿದವನು ನಾನು. ಒಳಕ್ಕೆ ತೆರೆಯೋ ಬಾಗಿಲು, ಪರದೆ ಹಾಗೇ ಇರುತ್ತೆ. ಯಾರಿಗೆ ಕತೆ ಹೇಳ್ತೀಯ?"

ನಾನು ಬೇಡಿಕೊಂಡೆ. ನನಗೆ ಬೇಡಿ ಅಭ್ಯಾಸವಿಲ್ಲ ಸಾರ್, ಬೈದು ಅಭ್ಯಾಸ. ಬೇಡುತ್ತ ಬೇಡುತ್ತ ನಡುವೆ ಎರಡು ಬೈಗುಳವೂ ಬಂದವು. ನನಗೆ ಬಣ್ಣವೇ ಕಾಣುವುದಿಲ್ಲ, ಹುಟ್ಟುಗುರುಡಿನಲ್ಲಿ ಅರ್ಧ ನನ್ನದು, ಸುಮ್ಮನೆ ಕೆಂಪು ಅಂದೆ ಎಂದು ಊರ ಜನದ ಮುಂದೆ ಹೇಳಿದೆ. ಜೀವಮಾನವೆಲ್ಲ ಮುಚ್ಚಿಟ್ಟದ್ದು. ಯಾರೂ ನಂಬಲಿಲ್ಲ. ಹದ್ದು ಸುಳ್ಳು ಹೇಳ್ತಿದೆ ಎಂದು ಕಡ್ಡಿ ನಕ್ಕ.

ನಾನು ಕದಲಲಿಲ್ಲ. ಸಾಹುಕಾರ ನನ್ನ ಎದೆಯ ಮೇಲಿಂದ ಕಣ್ಣು ತೆಗೆಯಲಿಲ್ಲ. ಕೊನೆಗೆ ತಲೆಯಾಡಿಸಿದ.

ಗೂಳಿ ನನ್ನನ್ನು ಹುಲ್ಲಿನ ಹೊರೆಯ ಹಾಗೆ ಎತ್ತಿ ಪಕ್ಕಕ್ಕೆ ಎಸೆದ. ಸಾಹುಕಾರ ಪರದೆ ಹಿಡಿದು ಎಳೆದ.

ನಾನು ಕಣ್ಣು ಮುಚ್ಚಿಕೊಂಡೆ. ಮುಚ್ಚಿದರೂ ತೆರೆದರೂ ನನ್ನ ಕಣ್ಣು ಲೆಕ್ಕಕ್ಕಿಲ್ಲ ಎಂಬುದು ಆಗ ಮರೆತುಹೋಗಿತ್ತು.

"ಹಸಿರು," ಅನ್ನುವುದು ಕೇಳಿಸಿತು.

ಬಾಗಿಲಿನ ತಿರುಗಣಿ ಕಿರುಗುಟ್ಟಿತು. ಕಣ್ಣು ಬಿಟ್ಟೆ. ಬಾಗಿಲು ತಾನಾಗಿ ಒಳಕ್ಕೆ ಸರಿಯುತ್ತಿತ್ತು. ಎರಡು ಸೂರ್ಯರ ಬೆಳಕು ಒಟ್ಟಿಗೆ ಒಳಗೆ ಬಿತ್ತು. ಸಾಹುಕಾರ ತನ್ನ ಆಳುಗಳನ್ನು ಮೊಣಕೈಯಿಂದ ಹಿಂದಕ್ಕೆ ತಳ್ಳಿ ಮೊದಲು ತಾನು ಹೊಸ್ತಿಲು ದಾಟಿದ. ಹಂಡೆಯ ಮೇಲೆ ಬಗ್ಗಿದ.

ಆಮೇಲೆ ತಲೆಯೆತ್ತಿ ಕಣ್ಣುಜ್ಜಿಕೊಂಡ.

"ದೀಪ ಯಾರು ಆರಿಸಿದ್ದು?" ಎಂದ ಅವನು.

ಯಾರೂ ಆರಿಸಿರಲಿಲ್ಲ. ಎರಡೂ ಸೂರ್ಯ ಅಲ್ಲೇ ಇದ್ದವು. ಅವನು ಗೋಡೆ ಸವರಿಕೊಂಡು ಹೊರಗೆ ಬಂದ. ತನ್ನ ಕೈ ನೋಡಿಕೊಂಡ. ಆಕಾಶ ನೋಡಿದ. ಆಮೇಲೆ ನನ್ನನ್ನು ನೋಡಿದ.

"ನಿನ್ನ ಶರ್ಟು," ಎಂದ. "ಈಗ ತಾನೆ ಬೆಂಕಿ ಹಾಗೆ ಉರೀತಿತ್ತಲ್ಲೋ... ಬೂದಿ ಯಾಕಾಯ್ತು?"

"ಉರಿಯೋದೇನು?" ಎಂದೆ. "ಇದು ಮಣ್ಣಿನ ಬಣ್ಣ."

ಅಂಗಳಕ್ಕೆ ಅಂಗಳವೇ ನಕ್ಕಿತು. ಬಟಾಟೆ ಮುದುಕಿ ಹೊಟ್ಟೆ ಹಿಡಿದುಕೊಂಡು ಕೂತಳು.

ಆಳುಗಳು ಯಜಮಾನನ ಮುಖ ನೋಡಿದರು, ತೆರೆದ ಬಾಗಿಲು ನೋಡಿದರು. ಹಂಡೆಯ ಹತ್ತಿರ ಹೋಗುವ ಮನಸ್ಸು ಯಾರಿಗೂ ಬರಲಿಲ್ಲ. ಮೊದಲು ಕಡ್ಡಿ ಜಾರಿಕೊಂಡ. ಗೂಳಿ ತಳ್ಳುಗಾಡಿಯನ್ನೂ ತೆಗೆದುಕೊಂಡು ಹೋದ.

ಗುಂಪು ಸೀಳಿಕೊಂಡು ಅಕ್ಕ ಬಂದಳು. ಕಣ್ಣಿಗೆ ಪಟ್ಟಿ ಬಿಗಿದುಕೊಂಡೇ ಒಳಗೆ ನಡೆದಳು, ದಾರಿ ಅವಳ ಕಾಲಿಗೆ ಗೊತ್ತಿತ್ತು. ಭಾವನ ತೋಳು ಹಿಡಿದು ಹೊರಗೆ ತಂದು ಬಾಗಿಲು ಎಳೆದಳು. ಅವನು ಕೆಮ್ಮುತ್ತಿದ್ದ, ತುಟಿ ನೀಲಿಗಟ್ಟಿತ್ತು. ತನ್ನ ಕಣ್ಣಿನ ಪಟ್ಟಿ ತೆಗೆದು, ಬೆಳಕಿಗೆ ಕಣ್ಣು ಕಿರಿದು ಮಾಡಿ ಮೊದಲು ನನ್ನನ್ನೇ ನೋಡಿದ.

"ಇವನಿಗೆ ಯಾರು ಈ ಶರ್ಟು ತೊಡಿಸಿದ್ದು?" ಎಂದ.

ಅವನ ಕೈಯಲ್ಲಿ ಒಂದು ಡಬ್ಬಿ ಇತ್ತು. ಬಾಗಿಲಿನ ನಿಜವಾದ ಜೋಡಿ. ಒಳಗೆ ಹೋಗುವಾಗ ಅದನ್ನೂ ಕಿತ್ತುಕೊಂಡು ಹೋಗಿದ್ದ. ಕತ್ತಲಲ್ಲಿ ಯಾವ ಬಣ್ಣವೂ ಕಾಣದೆ ಅದನ್ನೇ ಹಿಡಿದು ಕೂತಿದ್ದ.

"ಹಾಗಾದರೆ ನನ್ನ ಡಬ್ಬೀಲಿ ಏನಿತ್ತು?" ಎಂದು ಅಕ್ಕನನ್ನು ಕೇಳಿದೆ.

"ನಿನ್ನ ಶರ್ಟಿಗೆ ಹಾಕಿ ಮಿಕ್ಕಿದ್ದು. ಬರೀ ಕೆಂಪು."

ಬಾವಿಕಟ್ಟೆ ಮೇಲೆ ಕೂತು ಕೈ ತೊಳೆಯುತ್ತ ಒಂದೊಂದಾಗಿ ಹೇಳಿದಳು. ಜೋಡಿ ಡಬ್ಬಿ ಒಳಗೇ ಇತ್ತು. ಬಾಗಿಲು ತೆರೆಯಬೇಕಾದರೆ ಯಾರಾದರೂ ಬಾಗಿಲನ್ನೇ ನೋಡಬೇಕು, ಕೆಂಪು ನೋಡಿ ನೋಡಿ ದಣಿದ ಕಣ್ಣಿಂದ. ಅವಳನ್ನು ಬಾಗಿಲ ಹತ್ತಿರ ಬಿಡುತ್ತಿರಲಿಲ್ಲ. ಸಾಹುಕಾರನನ್ನು ಬಿಡದೆ ಇರುವವರು ಯಾರು? ಅವನ ಕಣ್ಣು ದಣಿಸಲು ಬಿಳಿ ಬೀದಿಯಲ್ಲಿ ಅವನ ಮುಂದೆ ಓಡುವ ಒಂದು ದೊಡ್ಡ ಕೆಂಪು ಬಟ್ಟೆ ಬೇಕಿತ್ತು. ನನ್ನಷ್ಟು ಅಗಲದ ಬೆನ್ನು ನಮ್ಮ ಮನೆಯಲ್ಲಿ ಬೇರೆ ಯಾರಿಗೂ ಇಲ್ಲ.

"ನಂಗೆ ಹೇಳಬಹುದಿತ್ತಲ್ಲಕ್ಕ."

"ನಿಂಗೆ ಸುಳ್ಳು ಹೇಳೋಕೆ ಬರಲ್ಲ ಕಣೋ ಬೂದಿ. ಸಿಕ್ಕಿಬೀಳೋಕೆ ಬರುತ್ತೆ. ಯಾವ ಬಣ್ಣ ಅಂದ್ರೆ ಕೆಂಪು ಅನ್ನೋಕೆ ಬರುತ್ತೆ. ಅಷ್ಟೇ ಸಾಕಿತ್ತು."

ನಾನು ಕೇಳಬಾರದ್ದನ್ನು ಕೇಳಿದೆ. "ಅವನ ಕಣ್ಣು ದಣಿದಿರಲಿಲ್ಲ ಅಂದಿದ್ರೆ?"

ಅಕ್ಕನ ಕೈ ಯಾವಾಗಲೋ ಸ್ವಚ್ಛವಾಗಿತ್ತು. ಆದರೂ ತೊಳೆಯುತ್ತಲೇ ಇದ್ದಳು. ಭಾವ ಪಕ್ಕದಲ್ಲಿ ಕೂತು ಅವಳ ಕೈಯಿಂದ ಚೊಂಬು ತೆಗೆದುಕೊಂಡ. ಆಮೇಲೆ ಕೆಟ್ಟದಾಗಿ ಏನೋ ಗುನುಗಿದ. ನಾನು ನಿಲ್ಲಿಸು ಅನ್ನಲಿಲ್ಲ.

ಸಾಹುಕಾರನಿಗೆ ಮತ್ತೆ ಬಣ್ಣ ಬರಲಿಲ್ಲ. ಹಸಿ ಬಣ್ಣ ಈಗ ಅವನ ಕಣ್ಣಿಗೂ ಕಿಮ್ಮತ್ತು ಕೊಡುವುದಿಲ್ಲ. ಹಿರಿಯರು ಕೂತು ತೀರ್ಮಾನ ಮಾಡಿ ಅವನಿಗೆ ಶಿಕ್ಷೆಯಾಗಿ ಡಬ್ಬಿ ಸಾಗಿಸುವ ಕೆಲಸ ಹಾಕಿದರು, ನನ್ನ ಕೈಕೆಳಗೆ. ಅವನಿಗೆ ಕೊಟ್ಟ ಶಿಕ್ಷೆಯನ್ನು ನಾನು ಇಷ್ಟು ವರ್ಷ ಉದ್ಯೋಗ ಎಂದುಕೊಂಡಿದ್ದೆ ಎಂದು ಆಗ ತಿಳಿಯಿತು. ಇಬ್ಬರೂ ಸೇತುವೆಯ ಹತ್ತಿರ ನಿಂತು, ಬೇರೆಯವರು ನಡೆದರೆ ನಾವೂ ನಡೆಯುತ್ತೇವೆ.

ಇವತ್ತು ಬೆಳಿಗ್ಗೆ ಅಕ್ಕ ಮತ್ತೆ ಒಂದು ಹೊಸ ಶರ್ಟು ಕೊಟ್ಟಳು. ಈ ಅಂಗಡಿಗೆ ಹೋಗಿ, ಇದೇ ಕುರ್ಚಿಯಲ್ಲಿ ಕೂತು, ನಿಮಗೆ ಈ ಕತೆ ಪೂರ್ತಿ ಹೇಳಿ ಬಾ ಎಂದಳು. ಯಾಕೆ ಎಂದು ಹೇಳಲಿಲ್ಲ. ಶರ್ಟು ಮಾತ್ರ ಮಣ್ಣಿನ ಬಣ್ಣವಂತೆ.

ಒಂದು ಮಾತು ಕೇಳಲಾ ಸಾರ್... ಇಷ್ಟು ಹೊತ್ತಿನಿಂದ ನೀವು ನನ್ನ ಎದೆಯನ್ನೇ ಯಾಕೆ ದಿಟ್ಟಿಸಿ ನೋಡುತ್ತಿದ್ದೀರಿ?